ಹತ್ತೊಂಬತ್ತರ ಸಿಹಿ

ಹಳೆಯ ವರ್ಶನ್ ಎಂದರೆ ನನಗೆ ಮೈ ಉರಿಯುತ್ತಿತ್ತು. ಮಣಿಪಾಲದ ನನ್ನ ರಿಪೇರಿ ಅಂಗಡಿಗೆ ಯಾರೇ ಕಂಪ್ಯೂಟರ್ ತಂದರೂ ಅವರು ಹೇಳಿದ ಕೆಲಸ ಆಮೇಲೆ. ಮೊದಲು ಒಳಗೆ ಏನೇನು ಹಳತಿದೆ ಎಂದು ಹುಡುಕಿ ಎಲ್ಲವನ್ನೂ ಹೊಸದು ಮಾಡಿಬಿಡುತ್ತಿದ್ದೆ. ಕೇಳದಿದ್ದರೂ ಮಾಡುತ್ತಿದ್ದೆ. ಅದಕ್ಕೆ ದುಡ್ಡನ್ನೂ ತೆಗೆದುಕೊಳ್ಳುತ್ತಿರಲಿಲ್ಲ. "ಪರಮಾನಂದನ ಹತ್ತಿರ ಕೊಟ್ಟರೆ ಕಂಪ್ಯೂಟರ್ ಮದುಮಗನ ಹಾಗೆ ವಾಪಸ್ ಬರ್ತದೆ" ಎಂದು ಜನ ಹೇಳುವುದನ್ನು ಕೇಳಿ ಕೇಳಿ ಉಬ್ಬಿಹೋಗಿದ್ದೆ.

ನನ್ನ ಈ ಉಪಕಾರಕ್ಕೆ ಜಪ್ಪಯ್ಯ ಎಂದರೂ ಒಪ್ಪದವರು ಒಬ್ಬರೇ, ಕಲ್ಯಾಣಪುರದ ರೊಸಾರಿಯೊ ಕ್ವಾಡ್ರಸ್. ನಮ್ಮ ಊರಲ್ಲಿ ಕ್ರಿಶ್ಚಿಯನ್ ಹಿರಿಯರನ್ನು ಪೊರ್ಬುಗಳೇ ಎಂದೂ ಅವರ ಹೆಂಡತಿಯನ್ನು ಬಾಯಮ್ಮ ಎಂದೂ ಕರೆಯುವುದು ರೂಢಿ; ಈ ಬಾಯಮ್ಮನ ಹೆಸರು ಬರ್ತಾ. ನಮ್ಮ ಊರು ಎಂದೆ. ಹುಟ್ಟಿದ್ದು ಬಾಗಲಕೋಟೆ ಕಡೆ. ಅಪ್ಪ ಚಂದಪ್ಪ ಹಾಸ್ಟೆಲುಗಳ ಕಾಂಕ್ರೀಟ್ ಕೆಲಸಕ್ಕೆಂದು ಮಣಿಪಾಲಕ್ಕೆ ಬಂದಾಗ ನನಗೆ ಆರು ವರ್ಷ. ಅಪ್ಪ ಕುಡಿದು ಕುಡಿದೇ ತೀರಿಕೊಂಡ. ಒಂದು ಹನಿ ಮುಟ್ಟುವುದಿಲ್ಲ ಎಂದು ಅವ್ವ ಸೋಮವ್ವ ನನ್ನಿಂದ ಆಣೆ ಮಾಡಿಸಿಕೊಂಡಿದ್ದಾಳೆ. ಅಂಥ ನಾನು ವೈನಿನ ವ್ಯವಹಾರದಲ್ಲಿ ತಲೆ ಹಾಕಿದ್ದು ಈ ಪೊರ್ಬುಗಳ ದೆಸೆಯಿಂದ.

ಪೊರ್ಬುಗಳು ಬಹರೈನಿನ ಹಡಗು ರಿಪೇರಿ ವರ್ಕ್‌ಶಾಪಿನಲ್ಲಿ ಇಪ್ಪತ್ತೆರಡು ವರ್ಷ ದುಡಿದು 1997ರಲ್ಲಿ ಊರಿಗೆ ಬಂದವರು. ಅಲ್ಲಿ ಅವರ ಮೇಲಿನ ಇಂಗ್ಲಿಷ್ ಸಾಹೇಬನಿಗೆ ಮನೆಯಲ್ಲೇ ಬಿಯರ್ ಮಾಡುವ ಹುಚ್ಚಿತ್ತಂತೆ. ಬರುವಾಗ ಅವನು ಇವರಿಗೆ ಎರಡು ವಸ್ತು ಕೊಟ್ಟು ಕಳಿಸಿದ್ದ. ಒಂದು, ಹಾಲಿನ ಡೈರಿಯಲ್ಲಿ ನೀರು ಬೆರೆಸಿದ್ದಾರೋ ಎಂದು ಅದ್ದಿ ನೋಡುವ ಗಾಜಿನ ಕೊಳವೆಯಂಥದ್ದು. ವೈನಿನಲ್ಲಿ ತೇಲಿಬಿಟ್ಟರೆ ಎಷ್ಟು ಸಕ್ಕರೆ ಉಂಟು ಎಂದು ತೋರಿಸುತ್ತದೆ. ಇನ್ನೊಂದು, ಎರಡು ಫ್ಲಾಪಿಯಲ್ಲಿ ಒಂದು ಪ್ರೋಗ್ರಾಮು. ಯಾವ ಹಣ್ಣು ಎಷ್ಟು, ಸಕ್ಕರೆ ಎಷ್ಟು, ಯೀಸ್ಟ್ ಎಷ್ಟು, ಕೊಳವೆ ತೋರಿಸಿದ್ದು ಎಷ್ಟು ಎಂದು ತುಂಬಿದರೆ ಅದು ಲೆಕ್ಕ ಹಾಕಿ ಒಂದು ಹಾಳೆಯ ರೆಸಿಪಿ ಕೊಡುತ್ತದೆ. ವರ್ಶನ್ ಎರಡು. ಪರದೆಯ ಮೇಲೆ ಬೂದು ಬಣ್ಣದ ಚೌಕಗಳು, ಮೂಲೆಯಲ್ಲಿ ಒಂದು ಕುರೂಪಿ ಪೀಪಾಯಿ. ನೋಡಿದರೇ ನನಗೆ ತಲೆ ಕೆಡುತ್ತಿತ್ತು.

ಬಹರೈನಿನಿಂದ ರಜೆಗೆ ಬರುತ್ತಿದ್ದ ಕಾಲದಿಂದಲೂ ಕಲ್ಯಾಣಪುರದ ಸುತ್ತಮುತ್ತ ಪೊರ್ಬುಗಳ ವೈನಿಗೆ ಬಹಳ ಹೆಸರಿತ್ತು. ಮಾರುವುದಿಲ್ಲ, ಮದುವೆ, ಕ್ರಿಸ್ಮಸ್ಸಿಗೆ ತಮ್ಮವರಿಗೆ ಕೊಡುವುದು ಅಷ್ಟೇ. ಫೆಬ್ರವರಿಯಲ್ಲಿ ನಮ್ಮ ಬಿಜಾಪುರ ಕಡೆಯ ಕಪ್ಪು ದ್ರಾಕ್ಷಿ ಉಡುಪಿ ಮಾರ್ಕೆಟಿಗೆ ಬಂದ ಕೂಡಲೇ ಎರಡು ದೊಡ್ಡ ಭರಣಿ ತುಂಬಿಸುತ್ತಿದ್ದರು. ಇಪ್ಪತ್ತೊಂದು ದಿನ ಮರದ ಸೌಟಿನಿಂದ ತಿರುವಿ, ಸೋಸಿ, ತಿಳಿಯಾಗಲು ಬಿಟ್ಟು, ಕೊನೆಗೆ ಸಕ್ಕರೆ ಸೇರಿಸಿ ಹದ ಮಾಡುವುದು. ಆ ಕೊನೆಯ ಹದವೇ ಅವರ ವೈನಿನ ಗುಟ್ಟು. ಅಲ್ಲಿಯವರೆಗೆ ಮನೆಯ ಯಾರೂ ಅದರ ಒಂದು ತೊಟ್ಟನ್ನೂ ಬಾಯಿಗೆ ಹಾಕುವಂತಿಲ್ಲ. ಅವರು ರುಚಿ ನೋಡಿ ಆಯಿತು ಎಂದ ಮೇಲೆಯೇ ಬಾಟ್ಲಿಗೆ.

2004ರ ಮಾರ್ಚಿನಲ್ಲಿ ಪೊರ್ಬುಗಳು ಕಂಪ್ಯೂಟರನ್ನು ರಿಕ್ಷಾದಲ್ಲಿ ಹಾಕಿಕೊಂಡು ಬಂದರು. ಫ್ಯಾನು ಶಬ್ದ ಮಾಡುತ್ತದೆ ಎಂದು ದೂರು. ಫ್ಯಾನಿನ ಧೂಳು ತೆಗೆಯಲು ಎರಡು ನಿಮಿಷ ಸಾಕಾಯಿತು. ಸುಮ್ಮನೆ ಕೊಟ್ಟು ಕಳಿಸುವ ಜಾತಿಯವನಾ ನಾನು?

"ಪೊರ್ಬುಗಳೇ, ಈ ಪ್ರೋಗ್ರಾಮಿಗೆ ಈಗ ವರ್ಶನ್ ಐದು ಬಂದಿದೆ. ಎಂಟು ವರ್ಷ ಹಳತನ್ನು ಯಾರಾದರೂ ಇಟ್ಟುಕೊಳ್ತಾರಾ? ಈಗಲೇ ತೆಗೆದು ಹಾಕ್ತೇನೆ" ಎಂದು ಮೌಸ್ ಹಿಡಿದೆ.

ಅವರು ಗಬಕ್ಕನೆ ನನ್ನ ಮಣಿಕಟ್ಟು ಹಿಡಿದುಕೊಂಡರು. ಅರವತ್ತಾರು ವರ್ಷದ ಕೈ. ಸ್ಪ್ಯಾನರ್ ಹಿಡಿದ ಕೈ. ಬಿಡಿಸಿಕೊಳ್ಳಲು ಆಗಲಿಲ್ಲ.

"ಬೇಡ ಮಾರಾಯ. ಅದೊಂದನ್ನು ಮುಟ್ಟಬೇಡ."

"ಯಾಕೆ ಅಂತ ಆದರೂ ಹೇಳಿ."

ಹೊರಗೆ ಯಾರಾದರೂ ಇದ್ದಾರೋ ಎಂದು ನೋಡಿ ಬಂದು ಸ್ಟೂಲಿನ ಮೇಲೆ ಕುಳಿತು ಅವರು ಹೇಳಿದರು. ನಾಲ್ಕು ವರ್ಷದ ಹಿಂದೆ ಮಳೆಗಾಲದಲ್ಲಿ ಬಾವಿಯ ಹತ್ತಿರ ಪಾಚಿಯ ಮೆಟ್ಟಿಲಲ್ಲಿ ಜಾರಿ ಬಿದ್ದಾಗ ತಲೆಯ ಹಿಂಭಾಗಕ್ಕೆ ಪೆಟ್ಟಾಗಿತ್ತು. ಗಾಯ ಮಾಸಿತು. ಆದರೆ ಮೂಗೂ ಹೋಯಿತು, ನಾಲಿಗೆಯೂ ಹೋಯಿತು. ಹೀಗೂ ಆಗುವುದುಂಟು, ಇನ್ನು ಬರುವ ಭರವಸೆ ಇಲ್ಲ ಎಂದರಂತೆ ಡಾಕ್ಟರು.

"ಮೀನೂ ಒಂದೇ, ಪೇಪರೂ ಒಂದೇ ಈಗ ನನಗೆ" ಎಂದರು ಪೊರ್ಬುಗಳು.

"ಮತ್ತೆ ವೈನು? ಹೋದ ಕ್ರಿಸ್ಮಸ್ಸಿಗೂ ಎಲ್ಲರೂ ಹೊಗಳಿದರಲ್ಲ!"

"ಅದು ಇದರಿಂದ" ಎಂದು ಕಂಪ್ಯೂಟರನ್ನು ಮುಟ್ಟಿ ತೋರಿಸಿದರು. ನಾಲಿಗೆ ಸರಿ ಇದ್ದ ಮೂರು ವರ್ಷ, ಕೇವಲ ಆಟಕ್ಕೆಂದು, ರುಚಿ ಸರಿ ಬಂದ ಗಳಿಗೆಯಲ್ಲಿ ಕೊಳವೆ ಅದ್ದಿ ಅದು ತೋರಿಸಿದ್ದನ್ನು ಪ್ರೋಗ್ರಾಮಿಗೆ ತುಂಬಿಸಿದ್ದರು. ವೈನಿನ ಬಿಸಿ ಎಷ್ಟೆಂದೂ ಅದು ಕೇಳುತ್ತದೆ; ಬಿಸಿಯಾದ ವೈನು ತೆಳ್ಳಗಾಗಿ ಕೊಳವೆ ತಪ್ಪು ತೋರಿಸುತ್ತದಲ್ಲ, ಅದನ್ನು ಸರಿಪಡಿಸಲಿಕ್ಕೆ. ಎಲ್ಲ ಲೆಕ್ಕ ಹಾಕಿ ಮೂರು ವರ್ಷವೂ ಅದು ಕೊಟ್ಟ ಅಂಕಿ ಒಂದೇ, ಹತ್ತೊಂಬತ್ತು. ನಾಲಿಗೆ ಹೋದ ಮೇಲೆ ಪೊರ್ಬುಗಳು ಹತ್ತೊಂಬತ್ತನ್ನೇ ಹಿಡಿದುಕೊಂಡರು. ಹತ್ತೊಂಬತ್ತು ಬರುವವರೆಗೆ ಸಕ್ಕರೆ ಹಾಕುವುದು, ಎಲ್ಲರ ಮುಂದೆ ಒಂದು ಗುಟುಕು ಕುಡಿದು ಕಣ್ಣು ಮುಚ್ಚುವುದು, ಆಯಿತು ಎನ್ನುವುದು.

"ಬಾಯಮ್ಮನಿಗೆ ಗೊತ್ತಿಲ್ವಾ?"

"ಬರ್ತಾಗೆ ಗೊತ್ತಾದರೆ ಭರಣಿ ಮುಟ್ಟಲಿಕ್ಕೆ ಬಿಡ್ತಾಳಾ? ಮೇ ಇಪ್ಪತ್ತೊಂಬತ್ತಕ್ಕೆ ಮಗಳು ವನೆಸ್ಸಾನ ಮದುವೆ ಉಂಟು, ಕಾಪುವಿನ ಹುಡುಗ ಕಾರ್ಲ್ ಅಂತ. ಸಣ್ಣವಳಿರುವಾಗ ಚರ್ಚಿನಲ್ಲಿ ಮೊದಲ ಕಮ್ಯುನಿಯನ್ ಪ್ರಸಾದ ತೆಗೆದುಕೊಂಡ ದಿನ ಬಿಳಿ ಫ್ರಾಕ್ ಹಾಕಿಕೊಂಡು ಬಂದು, ಪಪ್ಪಾ ನನ್ನ ಮದುವೆಯ ಟೋಸ್ಟಿಗೆ ಎಲ್ಲರೂ ಗ್ಲಾಸು ಎತ್ತುವಾಗ ನಿಮ್ಮದೇ ವೈನು ಅಂತ ಭಾಷೆ ತೆಗೆದುಕೊಂಡವಳು ಅವಳು. ನಾಲಿಗೆ ಹೋದ ಮನುಷ್ಯನ ವೈನು ಅಂತ ಗೊತ್ತಾದರೆ ಯಾರು ಕುಡೀತಾರೆ ಹೇಳು? ಎಲ್ಲರೂ ಪಾಪ ಅಂತ ಕುಡೀಬೇಕು. ನನಗೆ ಅದು ಬೇಡ. ಆ ಒಂದು ಮದುವೆ ಆಗಲಿ, ಮತ್ತೆ ನಾನು ಭರಣಿ ಮಗುಚಿ ಇಡ್ತೇನೆ."

ನನ್ನ ಕಣ್ಣು ತುಂಬಿತು. ಮೌಸ್ ಬಿಟ್ಟೆ. ಆ ಕುರೂಪಿ ಪೀಪಾಯಿಗೆ ಕೈ ಮುಗಿದು, ಕಂಪ್ಯೂಟರನ್ನು ನಾನೇ ರಿಕ್ಷಾದವರೆಗೆ ಹೊತ್ತೆ.

ಆದರೆ ಏಪ್ರಿಲ್ ಕೊನೆಯಲ್ಲಿ ಈ ಕರಾವಳಿಯಲ್ಲಿ ಆಗುವುದು ಆಗಿಯೇ ಆಯಿತು. ಮಳೆಗೆ ಮುಂಚಿನ ಸಿಡಿಲು. ಒಂದು ಸಂಜೆಯ ಗುಡುಗಿಗೆ ಕಲ್ಯಾಣಪುರದಲ್ಲಿ ಏಳು ಟಿವಿ, ನಾಲ್ಕು ಫೋನು, ಪೊರ್ಬುಗಳ ಕಂಪ್ಯೂಟರು ಸುಟ್ಟುಹೋದವು. ಫೋನಿನ ತಂತಿಯಿಂದ ಮೋಡೆಮಿಗೆ, ಮೋಡೆಮಿನಿಂದ ಒಳಕ್ಕೆ ನುಗ್ಗಿ ಡಿಸ್ಕಿನ ತನಕ ಎಲ್ಲವೂ ಹೋಗಿತ್ತು. ಅಲಮಾರಿನಲ್ಲಿಟ್ಟ ಎರಡು ಫ್ಲಾಪಿ ತಂದು ನೋಡಿದರೆ ಏಳು ಮಳೆಗಾಲದ ಬೂಷ್ಟು ಒಳಗಿನ ತಟ್ಟೆಯ ಮೇಲೆ ಬಿಳಿ ಬಿಳಿಯಾಗಿ ಕುಳಿತಿತ್ತು. ಒರೆಸಿದೆ, ಒಣಗಿಸಿದೆ. ಒಂದು ಅಕ್ಷರವೂ ಏಳಲಿಲ್ಲ. ಪ್ರೋಗ್ರಾಮಿನ ಕಂಪನಿಯ ಸೈಟಿನಲ್ಲಿ ಹೊಸದು ಮಾತ್ರ ಇತ್ತು. ಹಳೆಯದು ಬೇಕೆಂದು ಎರಡು ಸಲ ಬರೆದೆ, ಉತ್ತರ ಬರಲಿಲ್ಲ.

ಇನ್ನೇನು ಮಾಡುವುದು, ಬೇರೆ ಕಂಪ್ಯೂಟರ್ ಜೋಡಿಸಿ ವರ್ಶನ್ ಐದನ್ನು ಹಾಕಿಕೊಟ್ಟೆ. ಸುಳ್ಳು ಯಾಕೆ ಹೇಳಲಿ, ಒಳಗೊಳಗೇ ಖುಷಿಯೇ ಆಗಿತ್ತು. ಪೊರ್ಬುಗಳ ಹತ್ತಿರ ಹಳೆಯ ವರ್ಷಗಳ ಪ್ರಿಂಟ್ ಹಾಳೆಗಳು ಇದ್ದವು. ಪ್ರತಿಯೊಂದರಲ್ಲೂ ಕೊನೆಯ ಅಂಕಿ ಹತ್ತೊಂಬತ್ತು, ಬಿಸಿ ಮೂವತ್ತೊಂದು. ಅವನ್ನು ನೋಡಿಕೊಂಡು ಎಲ್ಲ ತುಂಬಿಸಿದೆ.

"ಹೆದರಬೇಡಿ ಪೊರ್ಬುಗಳೇ, ಇದು ಇನ್ನೂ ಕರೆಕ್ಟಾಗಿ ಲೆಕ್ಕ ಹಾಕ್ತದೆ" ಎಂದು ಧೈರ್ಯ ಹೇಳಿದವನೂ ನಾನೇ.

ಮೇ ಎರಡನೆಯ ವಾರ ಅವರು ವೈನಿಗೆ ಸಕ್ಕರೆ ಸೇರಿಸಿದರು. ಹೊಸ ವರ್ಶನ್ ಹತ್ತೊಂಬತ್ತು ತೋರಿಸಿದ ಕೂಡಲೇ ನಿಲ್ಲಿಸಿದರು. ನನಗೆ ಫೋನ್ ಮಾಡಿ, "ಹತ್ತೊಂಬತ್ತು ಬಂತು ಮಾರಾಯ" ಎಂದು ಮಗುವಿನ ಹಾಗೆ ನಕ್ಕರು.

ಮದುವೆಗೆ ಹನ್ನೊಂದು ದಿನ ಇರುವಾಗ, ಬೆಳಿಗ್ಗೆ ಅಂಗಡಿಯಲ್ಲಿ ಕುಳಿತು ಅವರಿಗೆ ಹೊಸ ಹಾಳೆಯನ್ನು ಬಣ್ಣದಲ್ಲಿ ಪ್ರಿಂಟ್ ಮಾಡಿದೆ. ಚಂದ ಕಾಣುತ್ತದೋ ಎಂದು ಹಳೆಯ ಹಾಳೆಯ ಪಕ್ಕದಲ್ಲಿಟ್ಟೆ. ಆಗ ಕಣ್ಣಿಗೆ ಬಿತ್ತು. ಹೊಸದರಲ್ಲಿ ಮೂವತ್ತೊಂದರ ಮುಂದೆ ಸಿ ಎಂದಿತ್ತು, ಸೆಲ್ಸಿಯಸ್. ಹಳೆಯದರಲ್ಲಿ ಅದೇ ಮೂವತ್ತೊಂದರ ಮುಂದೆ, ಇರುವೆಯ ಕಾಲಿನಷ್ಟು ಸಣ್ಣಗೆ, ಎಫ್ ಎಂದಿತ್ತು.

ಇಂಗ್ಲಿಷ್ ಸಾಹೇಬನ ಹಳೆಯ ಪ್ರೋಗ್ರಾಮು ಕೇಳುತ್ತಿದ್ದದ್ದು ಫಾರನ್‌ಹೀಟಿನಲ್ಲಿ. ಪೊರ್ಬುಗಳು ಉಡುಪಿಯಲ್ಲಿ ಕೊಂಡ ಸೆಲ್ಸಿಯಸ್ ಥರ್ಮಾಮೀಟರ್ ನೋಡಿ ಮೂವತ್ತೊಂದು ಎಂದು ಬರೆಯುತ್ತ ಬಂದಿದ್ದಾರೆ, ಏಳು ವರ್ಷ! ಫಾರನ್‌ಹೀಟಿನಲ್ಲಿ ಮೂವತ್ತೊಂದು ಎಂದರೆ ನೀರು ಮಂಜುಗಡ್ಡೆಯಾಗುವುದಕ್ಕಿಂತ ಒಂದು ಮೆಟ್ಟಿಲು ಕೆಳಗೆ. ಮೇ ತಿಂಗಳ ಕಲ್ಯಾಣಪುರದಲ್ಲಿ ಮಂಜುಗಡ್ಡೆ! ನಾನೊಬ್ಬನೇ ಅಂಗಡಿಯಲ್ಲಿ ಜೋರಾಗಿ ನಕ್ಕೆ. ನಗು ಅರ್ಧಕ್ಕೇ ನಿಲ್ಲಿಸಿ ಎರಡೂ ಹಾಳೆಗಳನ್ನು ಮತ್ತೆ ನೋಡಿದೆ.

ತಪ್ಪಾದರೂ ಅದು ಪ್ರತಿ ವರ್ಷದ ಒಂದೇ ತಪ್ಪು. ನಾಲಿಗೆ ಸರಿ ಇದ್ದಾಗ ಬರೆದ ಹತ್ತೊಂಬತ್ತು ಆ ತಪ್ಪಿನ ಹತ್ತೊಂಬತ್ತು. ಆಮೇಲಿನ ನಾಲ್ಕು ವರ್ಷವೂ ಅದೇ ತಪ್ಪು ಮಾಡಿದ್ದರಿಂದ ಅದೇ ರುಚಿ ಬಂದಿತ್ತು. ಈ ಸಲ ನನ್ನ ಹೊಸ ವರ್ಶನ್ ಸರಿಯಾಗಿ ಲೆಕ್ಕ ಹಾಕಿದೆ. ಅಂದರೆ ಭರಣಿಯಲ್ಲಿ ಇರುವುದು ಬೇರೆಯೇ ವೈನು. ವೈನು ಬಿಸಿ ಎಂದು ಹೊಸದು ತಾನೇ ಅಂಕಿ ಏರಿಸಿ ಬೇಗ ಹತ್ತೊಂಬತ್ತು ತೋರಿಸಿದೆ, ಹಾಗಾಗಿ ಸಿಹಿ ಕಡಿಮೆ ಬಿದ್ದಿದೆ ಎಂಬುದು ಖಚಿತ. ಎಷ್ಟು ಕಡಿಮೆ ಎಂದು ಕಾಗದದ ಮೇಲೆ ಲೆಕ್ಕ ಹಾಕಲು ನೋಡಿದೆ, ಆಗಲಿಲ್ಲ. ಮಂಜುಗಡ್ಡೆಯ ಕೆಳಗಿನ ಅಂಕಿ ಕೊಟ್ಟರೆ ಆ ಹಳೆಯ ಪ್ರೋಗ್ರಾಮು ಒಳಗೆ ಏನು ಮಾಡುತ್ತಿತ್ತು ಎಂದು ಅದನ್ನು ಬರೆದವನಿಗೇ ಗೊತ್ತು. ಕೊಳವೆ ನಿಜವಾಗಿ ತೋರಿಸಿದ್ದು ಎಷ್ಟು ಎಂದು ಹಾಳೆಯಲ್ಲಿ ಇಲ್ಲ, ಪೊರ್ಬುಗಳಿಗೂ ನೆನಪಿರಲಾರದು.

ಬೈಕ್ ಹತ್ತಿ ಕಲ್ಯಾಣಪುರಕ್ಕೆ ಹೋದೆ. ಬಾಯಮ್ಮ ಮತ್ತು ಅವರ ತಂಗಿ ವೆರೊನಿಕಾ ಜಗಲಿಯಲ್ಲಿ ಬಾಟ್ಲಿ ತೊಳೆಯುತ್ತಿದ್ದರು. ಅಂದೇ ವೈನು ತುಂಬಿಸುವ ದಿನ. ವನೆಸ್ಸಾ ಟೈಲರನ ಹತ್ತಿರ ಹೋಗಿದ್ದಳು. ಪೊರ್ಬುಗಳನ್ನು ಅಂಗಳದ ಮಾವಿನ ಮರದ ಕೆಳಗೆ ಕರೆದುಕೊಂಡು ಹೋಗಿ, ತಲೆ ತಗ್ಗಿಸಿ ಎಲ್ಲ ಹೇಳಿದೆ. ಬೈಯಲಿ ಎಂದು ಕಾದೆ. ಬೈದಿದ್ದರೆ ಹಗುರಾಗುತ್ತಿತ್ತು.

"ಕಾರ್ಕಳದಲ್ಲಿ ಪಾಸ್ಕಲ್ ಇದ್ದಾನೆ" ಎಂದರು ಅವರು. "ಕಲ್ಲುಕೋರೆಯ ಆಫೀಸಿನಲ್ಲಿ ಇದ್ದವನು. ತೊಂಬತ್ತೆಂಟರಲ್ಲಿ ಅವನಿಗೆ ಇದರ ಒಂದು ಕಾಪಿ ಹಾಕಿ ಕೊಟ್ಟಿದ್ದೆ."

ಜೀವ ಬಂದ ಹಾಗಾಯಿತು. ಬಾಯಮ್ಮನಿಗೆ ಕಾರ್ಕ್ ತರಲಿಕ್ಕುಂಟು ಎಂದು ಹೇಳಿ ಇಬ್ಬರೂ ಬೈಕಿನಲ್ಲಿ ಕಾರ್ಕಳಕ್ಕೆ ಹೊರಟೆವು. ದಾರಿಯುದ್ದಕ್ಕೂ ಪೊರ್ಬುಗಳು ನನ್ನ ಹೆಗಲನ್ನು ಬಿಗಿಯಾಗಿ ಹಿಡಿದಿದ್ದರು. ಪಾಸ್ಕಲರ ಮನೆಯಲ್ಲಿ ಕಂಪ್ಯೂಟರ್ ಕಸೂತಿಯ ಬಟ್ಟೆ ಹೊದ್ದು ಕುಳಿತಿತ್ತು. ಆನ್ ಮಾಡಿದೆ. ಬೂದು ಚೌಕವಿಲ್ಲ, ಪೀಪಾಯಿ ಇಲ್ಲ. ಪರದೆಯ ಮೇಲೆ ಮಿರಮಿರ ಮಿಂಚುತ್ತಿದ್ದದ್ದು ವರ್ಶನ್ ನಾಲ್ಕು.

"ಇದನ್ನು ಯಾರು ಹಾಕಿದ್ದು?" ಎಂದು ಸಿಟ್ಟಿನಿಂದ ಕೇಳಿದೆ.

"ನೀವೇ ಅಲ್ವಾ ಮಾರಾಯ್ರೆ!" ಎಂದರು ಪಾಸ್ಕಲ್. "ಎರಡು ವರ್ಷದ ಹಿಂದೆ ಮಣಿಪಾಲಕ್ಕೆ ರಿಪೇರಿಗೆ ತಂದಿದ್ದೆ. ಎಲ್ಲ ಹಳತು ತೆಗೆದು ಹೊಸದು ಹಾಕಿದ್ದೇನೆ ಅಂದಿರಿ. ಇದಕ್ಕೆ ದುಡ್ಡು ಕೂಡ ತೆಗೆದುಕೊಳ್ಳಲಿಲ್ಲ. ನಾನಂತೂ ಇದರಲ್ಲಿ ಇಸ್ಪೀಟು ಬಿಟ್ಟು ಬೇರೆ ಎಂತದೂ ಆಡುವುದಿಲ್ಲ."

ಆ ಕ್ಷಣ ಪಕ್ಕದ ಕೋರೆಯ ಒಂದು ಕಲ್ಲು ನನ್ನ ತಲೆಯ ಮೇಲೆ ಬಿದ್ದಿದ್ದರೂ ನ್ಯಾಯವೇ ಆಗುತ್ತಿತ್ತು.

ಕಾರ್ಕಳ ಬಸ್ ಸ್ಟ್ಯಾಂಡಿನ ಹೋಟೆಲಿನಲ್ಲಿ ಎದುರಿಗೆ ಚಹಾ ಇಟ್ಟುಕೊಂಡು ಕುಳಿತೆವು. ಪೊರ್ಬುಗಳು, "ನೀನು ಒಂದು ಗುಟುಕು ಕುಡಿದು ನೋಡಿ ಹೇಳ್ತೀಯಾ?" ಎಂದರು.

"ಆಣೆ ಉಂಟು ಪೊರ್ಬುಗಳೇ. ಆಣೆ ಮುರಿದರೂ ಏನು ಉಪಯೋಗ? ನಿಮ್ಮ ವೈನಿನ ರುಚಿ ನನಗೆ ಗೊತ್ತೇ ಇಲ್ಲ. ಹಿಂದಿನದು ಕುಡಿದವರು ಹೇಳಬೇಕು, ಅದೇನು ಇದೇನು ಅಂತ." ಸ್ವಲ್ಪ ತಡೆದು ಹೇಳಿಯೇಬಿಟ್ಟೆ: "ಬಾಯಮ್ಮ ಮೂವತ್ತು ವರ್ಷದಿಂದ ಕುಡಿದಿದ್ದಾರೆ."

ಅವಳಿಗೆ ಗೊತ್ತಾಗಬಾರದು ಎಂದು ಅವರು ತಲೆ ಅಲ್ಲಾಡಿಸಿದರು. ಆಮೇಲೆ ಇಬ್ಬರೂ ಸೇರಿ ಒಂದು ಸುಳ್ಳು ಕಟ್ಟಿದೆವು. ಶೀತವಾಗಿದೆ, ಮೂಗು ಕಟ್ಟಿದೆ, ನೀನು ಸ್ವಲ್ಪ ನೋಡು ಎನ್ನುವುದು. ಬಾಯಮ್ಮ ಸಿಹಿ ಸಾಲದು ಎಂದರೆ ಸಕ್ಕರೆ, ಸಾಕು ಎಂದರೆ ಬಾಟ್ಲಿ. ಗುಟ್ಟು ಗುಟ್ಟಾಗಿಯೇ ಉಳಿಯುತ್ತದೆ. ಸುಳ್ಳು ಗಟ್ಟಿಯಾಗಿದೆ ಎಂದು ನನಗೆ ಧೈರ್ಯವಿತ್ತು.

ಮನೆ ಮುಟ್ಟುವಾಗ ಮಧ್ಯಾಹ್ನ. ಭರಣಿಗಳನ್ನು ಜಗಲಿಗೆ ತಂದಿಟ್ಟಿದ್ದರು, ತೊಳೆದ ಬಾಟ್ಲಿಗಳು ಬಿಸಿಲಲ್ಲಿ ತಲೆಕೆಳಗಾಗಿ ಒಣಗುತ್ತಿದ್ದವು. ಪೊರ್ಬುಗಳು ಒಂದು ಸಣ್ಣ ಗ್ಲಾಸಿನಲ್ಲಿ ವೈನು ತೆಗೆದು ಬಾಯಮ್ಮನ ಮುಂದೆ ಹಿಡಿದು ಕೊಂಕಣಿಯಲ್ಲಿ ಹೇಳಿದರು. ನನಗೆ ಅಷ್ಟು ಕೊಂಕಣಿ ತಿಳಿಯುತ್ತದೆ.

"ಬರ್ತಾ, ಶೀತ ಆಗಿದೆ ನನಗೆ. ಇದನ್ನು ಸ್ವಲ್ಪ ನೋಡು."

ಬಾಯಮ್ಮ ನಕ್ಕರು. "ನಾನಾ? ಮದುವೆಯಾದಂದಿನಿಂದ ಒಂದು ಸಲ ಮೊದಲ ಗುಟುಕು ನನಗೆ ಕೊಟ್ಟದ್ದುಂಟಾ? ಶೀತ ಬಿಟ್ಟ ಮೇಲೆ ನೀವೇ ನೋಡಿ. ಇನ್ನೂ ಹನ್ನೊಂದು ದಿನ ಉಂಟಲ್ಲ."

"ಇಲ್ಲ, ಇವತ್ತೇ ಬಾಟ್ಲಿಗೆ ಹೋಗಬೇಕು. ಸಿಹಿ ಸಾಕಾ ಬೇಕಾ, ಅಷ್ಟು ಹೇಳು."

ಅವರು ಗ್ಲಾಸು ತೆಗೆದುಕೊಂಡು ಒಂದು ಗುಟುಕು ಕುಡಿದರು. ಹುಬ್ಬು ಸ್ವಲ್ಪ ಮೇಲೆದ್ದಿತು. ಏನೋ ಹೇಳಲು ಬಾಯಿ ತೆರೆದರು. ಹೇಳದೆ ಗ್ಲಾಸನ್ನು ಕೆಳಗಿಟ್ಟರು.

"ನನಗೆ ಗೊತ್ತಾಗುವುದಿಲ್ಲ."

"ಗೊತ್ತಾಗದೆ ಎಂತ? ನಾಲಿಗೆಗೆ ಬಂದದ್ದು ಹೇಳು."

"ನನ್ನ ನಾಲಿಗೆಯನ್ನು ಎಂತಕ್ಕೆ ಕೇಳುವುದು ನೀವು?" ಬಾಯಮ್ಮನ ಮುಖದಲ್ಲಿ ನಗು ಇರಲಿಲ್ಲ. "ಅದು ಹೋಗಿದೆ ಅಂತ ನಿಮಗೆ ಗೊತ್ತುಂಟು. ನಾಲ್ಕು ವರ್ಷದಿಂದ ಒಂದು ದಿನವಾದರೂ ನನ್ನ ಉಪ್ಪು ಸರಿ ಇತ್ತಾ? ಇವತ್ತು ಕಮ್ಮಿ ಅಂತೀರಿ, ನಾಳೆ ಜಾಸ್ತಿ ಅಂತೀರಿ. ಹಾಕುವುದು ಅದೇ ಕೈಯಲ್ಲಿ. ನಾನು ಊಟಕ್ಕೆ ಕೂತು ನೋಡಿದರೆ ನನಗೆ ಸರಿಯೇ ಕಾಣ್ತದೆ. ಆಗ ಗೊತ್ತಾಯಿತು ನನಗೆ, ಹೋದದ್ದು ನನ್ನ ನಾಲಿಗೆ ಅಂತ. ವಯಸ್ಸಾಯಿತು ಅಂತ ಸುಮ್ಮನಾದೆ. ನನ್ನ ನಾಲಿಗೆ ಸರಿ ಇದ್ದಿದ್ದರೆ ಮಗಳ ರೋಸಿನ ಅಡುಗೆಯನ್ನು ಹೊರಗಿನವರಿಗೆ ಕೊಡ್ತಿದ್ದೆನಾ?"

ರೋಸ್ ಎಂದರೆ ಮದುವೆಯ ಹಿಂದಿನ ದಿನ ಮದುಮಗಳಿಗೆ ತೆಂಗಿನ ಹಾಲು ಹಚ್ಚಿ ಮೀಯಿಸುವ ಶಾಸ್ತ್ರ. ಅಂದಿನ ಊಟವನ್ನು ತಾಯಿ ಮುಂದೆ ನಿಂತು ಮಾಡಿಸುವುದು ಅವರಲ್ಲಿ ದೊಡ್ಡ ಮಾತು. ವೆರೊನಿಕಾ ಬಾಟ್ಲಿ ಒರೆಸುವುದನ್ನು ನಿಲ್ಲಿಸಿ ಅಕ್ಕನನ್ನೇ ನೋಡಿದರು. ಅವರಿಗೂ ಇದು ಗೊತ್ತಿರಲಿಲ್ಲವೆಂದು ಕಾಣುತ್ತದೆ.

ಪೊರ್ಬುಗಳ ಮುಖದಲ್ಲಿ ರಕ್ತವೇ ಇರಲಿಲ್ಲ. ನಮ್ಮ ಸುಳ್ಳು ಇನ್ನೂ ಉಳಿಯಬಹುದಿತ್ತು. ಏನಾದರೂ ಮಾತು ತೇಲಿಸಿ, ಆಮೇಲೆ ವೆರೊನಿಕಾರನ್ನು ಕೇಳಿ, ಹೇಗಾದರೂ ದಾಟಬಹುದಿತ್ತು. ನಾನೇ ಒಳಗೊಳಗೆ ಇನ್ನೊಂದು ಸುಳ್ಳು ಹುಡುಕುತ್ತಿದ್ದೆ. ಅಷ್ಟರಲ್ಲಿ ಪೊರ್ಬುಗಳು ಜಗಲಿಯ ಅಂಚಿನಲ್ಲಿ ಬಾಯಮ್ಮನ ಎದುರಿಗೆ ಕುಳಿತುಕೊಂಡರು.

"ನಿನ್ನ ನಾಲಿಗೆ ಹೋಗಿಲ್ಲ ಬರ್ತಾ. ಹೋದದ್ದು ನನ್ನದು."

"ಎಂತ?"

"ಬಾವಿಯ ಹತ್ತಿರ ಬಿದ್ದೆನಲ್ಲ, ಅಂದಿನಿಂದ. ರುಚಿ ಇಲ್ಲ, ವಾಸನೆ ಇಲ್ಲ. ಊಟಕ್ಕೆ ಕೂತು ಸುಮ್ಮನೆ ಇದ್ದರೆ ನಿನಗೆ ಅನುಮಾನ ಬರ್ತದೆ ಅಂತ ಒಂದು ದಿನ ಕಮ್ಮಿ ಅಂದೆ, ಒಂದು ದಿನ ಜಾಸ್ತಿ ಅಂದೆ. ಬಾಯಿಗೆ ಬಂದದ್ದು ಹೇಳಿದೆ. ನೀನು ಅದನ್ನು ಮನಸ್ಸಿಗೆ ಹಚ್ಚಿಕೊಳ್ತೀ ಅಂತ ನನಗೆ ಹೊಳೆಯಲೇ ಇಲ್ಲ."

ಬಾಯಮ್ಮ ಬೆರಳು ಮಡಚಿ ಎಣಿಸುವವರ ಹಾಗೆ ನಿಧಾನವಾಗಿ ಕೇಳಿದರು.

"ಹೋದ ವರ್ಷ ಈಸ್ಟರಿಗೆ ಹಂದಿ ಮಾಂಸ ಕಹಿಯಾಗಿದೆ ಅಂದಿರಿ. ಇಡೀ ಪಾತ್ರೆ ತೆಂಗಿನ ಬುಡಕ್ಕೆ ಸುರಿದೆ ನಾನು. ಅದು?"

"ಗೊತ್ತಿಲ್ಲ ಬರ್ತಾ."

"ಇಡೀ ಪಾತ್ರೆ!"

"ಗೊತ್ತಿಲ್ಲ. ಚಂದವೇ ಇದ್ದಿರಬೇಕು."

ಬಾಯಮ್ಮ ಸೆರಗಿನಿಂದ ಮುಖ ಮುಚ್ಚಿಕೊಂಡರು. ಹೆಗಲು ಅಲುಗುತ್ತಿತ್ತು. ಅಳುತ್ತಿದ್ದಾರೆ ಎಂದುಕೊಂಡೆ, ಸೆರಗು ತೆಗೆದಾಗ ಮುಖ ಸಿಟ್ಟಿನಿಂದ ಕೆಂಪಾಗಿತ್ತು, ಕಣ್ಣಲ್ಲಿ ನೀರೂ ಇತ್ತು. ಅವರು ಗಂಡನ ಕಡೆ ನೋಡದೆ ತಂಗಿಗೆ ಹೇಳಿದರು: "ಕೇಳಿದೆಯಾ ವೆರೊನಿಕಾ? ನನ್ನ ಕೈ ಸರಿಯೇ ಇತ್ತಂತೆ."

ನನಗೆ ಅಲ್ಲಿ ನಿಲ್ಲಲೂ ಆಗಲಿಲ್ಲ, ಹೋಗಲೂ ಆಗಲಿಲ್ಲ. ಲೆಕ್ಕ ತಪ್ಪಿಸಿದವನು ನಾನು ಎಂದು ಬಾಯಿಬಿಟ್ಟು ಹೇಳಿಕೊಂಡೆ. ಬಾಯಮ್ಮನಿಗೆ ಅದು ಕೇಳಿಸಿತೋ ಇಲ್ಲವೋ. ಅವರು ಗ್ಲಾಸನ್ನು ಮತ್ತೆ ತೆಗೆದುಕೊಂಡರು. ಈ ಸಲ ಗುಟುಕನ್ನು ನುಂಗದೆ ಬಾಯಲ್ಲಿ ಇಟ್ಟುಕೊಂಡು, ಅತ್ತಿತ್ತ ಹೊರಳಿಸಿ, ಆಮೇಲೆ ನುಂಗಿದರು.

"ಸಕ್ಕರೆ ಸಾಲದು. ಹುಳಿ ಮುಂದೆ ನಿಂತಿದೆ. ಬಾಯಿಗಿಟ್ಟ ಕೂಡಲೇ ಗೊತ್ತಾಗಿತ್ತು ನನಗೆ."

ಒಳಗೆ ಹೋಗಿ ಸಕ್ಕರೆಯ ಡಬ್ಬ ತಂದರು. ನಾನು ತೂಕ ಮಾಡುವ ತಕ್ಕಡಿ ತರಲೇ ಎಂದೆ. ಬೇಡ ಎಂದರು. ಕೊಳವೆ ಮುಂದೆ ಹಿಡಿದೆ. ಅದನ್ನು ಬದಿಗಿಡು ಎಂದರು. ಮುಷ್ಟಿಯಲ್ಲಿ ಸಕ್ಕರೆ ತೆಗೆದು ಭರಣಿಗೆ ಹಾಕುವುದು, ಕರಗುವವರೆಗೆ ವೆರೊನಿಕಾ ತಿರುವುವುದು, ಒಂದು ಚಮಚ ರುಚಿ ನೋಡುವುದು. ಮೂರು ಸಲ ಹಾಗೆ. ನಾಲ್ಕನೆಯ ಸಲ ಅರ್ಧ ಮುಷ್ಟಿ ಹಾಕಿ, ರುಚಿ ನೋಡಿ, ಭರಣಿಯ ಬಾಯಿಗೆ ಬಟ್ಟೆ ಮುಚ್ಚಿದರು. ಎರಡನೆಯ ಭರಣಿಗೂ ಅದೇ ಕೈ.

ಪೊರ್ಬುಗಳು ಇಷ್ಟು ಹೊತ್ತೂ ಕುಳಿತಲ್ಲೇ ಇದ್ದರು. ಕೊನೆಗೆ ಖಾಲಿ ಗ್ಲಾಸನ್ನು ಮುಂದೆ ಮಾಡಿ ಕೇಳಿದರು: "ಹೇಗುಂಟು?"

"ನಿಮಗೆಂತಕ್ಕೆ ಅದು? ನೀರು ಕುಡಿದರೂ ಒಂದೇ ನಿಮಗೆ" ಎಂದರು ಬಾಯಮ್ಮ. ಹೇಳಿದ್ದು ತುಂಬಾ ಖಾರವಾಯಿತೆಂದು ಅವರಿಗೇ ಅನಿಸಿರಬೇಕು. ಗ್ಲಾಸಿಗೆ ಎರಡು ಬೆರಳು ವೈನು ಹಾಕಿ ಕೊಟ್ಟರು. ಪೊರ್ಬುಗಳು ಅದನ್ನು ಬಾಯಿಗಿಟ್ಟುಕೊಂಡು, ಈ ಸಲ ಕಣ್ಣು ಮುಚ್ಚದೆ, ಹೆಂಡತಿಯ ಮುಖವನ್ನೇ ನೋಡುತ್ತ ಕುಳಿತರು.

"ಮೊದಲು ಸಿಹಿ ಉಂಟು" ಎಂದರು ಬಾಯಮ್ಮ ಬೇರೆ ಕಡೆ ನೋಡುತ್ತ, ಸಿಟ್ಟು ಇಳಿಯದ ಸ್ವರದಲ್ಲೇ. "ಮತ್ತೆ ದ್ರಾಕ್ಷಿಯ ಸಿಪ್ಪೆಯ ಒಗರು ಸ್ವಲ್ಪ. ನುಂಗಿದ ಮೇಲೆ ಗಂಟಲಿನಲ್ಲಿ ಬೆಚ್ಚಗೆ ಉಂಟು. ಚಂದ ಆಗಿದೆ. ನೀವು ಬಹರೈನಿನಿಂದ ಬಂದ ವರ್ಷ ಮಾಡಿದ್ದಿರಲ್ಲ, ಅದಕ್ಕಿಂತ ಒಂದು ಚೂರು ಮೇಲೆಯೇ." ಆಗ ಪೊರ್ಬುಗಳು ನುಂಗಿದರು.

ಬಾಯಮ್ಮ ಕೈ ತೊಳೆದು ಒಳಗೆ ಹೋದರು. ಫೋನಿನ ನಂಬರ್ ತಿರುಗಿಸುವ ಶಬ್ದ ಕೇಳಿತು. ರೋಸಿನ ಅಡುಗೆ ಒಪ್ಪಿಕೊಂಡಿದ್ದ ಮನುಷ್ಯನ ಹತ್ತಿರ ಅವರು ಕನ್ನಡದಲ್ಲಿ ಮಾತಾಡಿದರು, ನಮಗೆಲ್ಲ ಕೇಳುವಷ್ಟು ಗಟ್ಟಿಯಾಗಿ.

"ಪಾತ್ರೆ, ಒಲೆ, ಬಡಿಸುವ ಜನ ಮಾತ್ರ ಕಳಿಸಿ. ಅಡುಗೆ ನಾನೇ ಮಾಡ್ತೇನೆ. ಹೌದು, ಇನ್ನೂರು ಜನಕ್ಕೂ. ಇಲ್ಲ ಮಾರಾಯ್ರೆ, ಉಪ್ಪು ನೋಡಲಿಕ್ಕೆ ಯಾರೂ ಬೇಡ. ಅದು ನನಗೆ ಗೊತ್ತುಂಟು."